ಸದ್ದೇ ಸಾಕ್ಷಿಯಾದ ‘ಬ್ಲ್ಯಾಕ್‌ಮೇಲ್’

ಬ್ರಿಟಿಷ್ ಚಿತ್ರರಂಗಕ್ಕೆ ಮಾತು ಬಂದ ವರ್ಷ 1929. ಆ ವರ್ಷ ತೆರೆಕಂಡ ಆಲ್ಫ್ರೆಡ್ ಹಿಚ್‌ಕಾಕ್ ನಿರ್ದೇಶನದ ‘ಬ್ಲ್ಯಾಕ್‌ಮೇಲ್’, ಅಪರಾಧ ಕಥನದಲ್ಲಿ ಶಬ್ದಕ್ಕೆ ಯಾವ ಪಾತ್ರವಿದೆ ಎಂಬುದನ್ನು ತೋರಿಸಿಕೊಟ್ಟ ಆರಂಭಿಕ ಚಿತ್ರಗಳಲ್ಲೊಂದು.

ಚಾರ್ಲ್ಸ್ ಬೆನೆಟ್ ಅವರ ನಾಟಕವನ್ನು ಆಧರಿಸಿದ ಕಥೆ ಸರಳ. ಲಂಡನ್ನಿನ ಅಂಗಡಿಕಾರನೊಬ್ಬನ ಮಗಳು ಆಲಿಸ್, ಸ್ಕಾಟ್ಲೆಂಡ್ ಯಾರ್ಡ್ ಪತ್ತೇದಾರನಾದ ಪ್ರಿಯಕರ ಫ್ರಾಂಕ್‌ನೊಡನೆ ಮುನಿಸಿಕೊಂಡು ಚಿತ್ರಕಾರನೊಬ್ಬನ ಬಾಡಿಗೆ ಕೋಣೆಗೆ ಹೋಗುತ್ತಾಳೆ. ಕೋಣೆ ಇರುವುದು ಕಟ್ಟಡದ ಮೇಲಂತಸ್ತಿನಲ್ಲಿ. ಇಬ್ಬರೂ ಮೆಟ್ಟಿಲೇರುವಾಗ ಕ್ಯಾಮೆರಾ ಕೂಡ ಅವರೊಂದಿಗೇ ಮಹಡಿಯಿಂದ ಮಹಡಿಗೆ ಏರುತ್ತದೆ. ಅಲ್ಲಿ ಆತ ಬಲಾತ್ಕಾರಕ್ಕೆ ಮುಂದಾದಾಗ ಅವಳ ಕೈಗೆ ಸಿಗುವುದು ಬ್ರೆಡ್ ಕತ್ತರಿಸುವ ಚಾಕು. ಕೊಲೆ ನಡೆಯುವುದು ಪರದೆಯ ಮರೆಯಲ್ಲಿ.

ಕೊಂದವರಾರು ಎಂಬುದು ಪ್ರೇಕ್ಷಕನಿಗೆ ಗೊತ್ತು. ಸತ್ಯ ಹೊರಬೀಳುವುದೇ ಎಂಬುದಷ್ಟೇ ಇಲ್ಲಿನ ಕುತೂಹಲ.

ಮೂಕಿಚಿತ್ರವಾಗಿ ಆರಂಭವಾದ ಇದರ ಹಲವು ದೃಶ್ಯಗಳನ್ನು ಎಲ್‌ಸ್ಟ್ರೀ ಸ್ಟುಡಿಯೋದಲ್ಲಿ ಮಾತಿನೊಂದಿಗೆ ಮತ್ತೆ ಚಿತ್ರೀಕರಿಸಲಾಯಿತು. ಪ್ರೇಗ್‌ನಲ್ಲಿ ಬೆಳೆದ ನಾಯಕಿ ಆ್ಯನಿ ಓಂಡ್ರಾ ಅವರ ಇಂಗ್ಲಿಷ್ ಉಚ್ಚಾರಣೆ ಲಂಡನ್ ಹುಡುಗಿಯ ಪಾತ್ರಕ್ಕೆ ಹೊಂದುತ್ತಿರಲಿಲ್ಲ. ಚಿತ್ರೀಕರಣದ ನಂತರ ಧ್ವನಿ ಜೋಡಿಸುವ ಸೌಲಭ್ಯ ಆಗಿನ್ನೂ ಇರಲಿಲ್ಲ. ಹೀಗಾಗಿ ಓಂಡ್ರಾ ತುಟಿ ಆಡಿಸಿದರೆ, ಕ್ಯಾಮೆರಾದ ಮರೆಯಲ್ಲಿ ನಿಂತ ನಟಿ ಜೋನ್ ಬ್ಯಾರಿ ಮೈಕ್ರೋಫೋನಿಗೆ ಸಂಭಾಷಣೆ ಹೇಳಿದರು.

ಚಿತ್ರದ ಪ್ರಸಿದ್ಧ ಪ್ರಸಂಗ ಮರುದಿನ ಬೆಳಗಿನ ಉಪಾಹಾರದ್ದು. ನೆರೆಯ ಹೆಂಗಸೊಬ್ಬಳು ಕೊಲೆಯ ಸುದ್ದಿಯನ್ನು ಎಡೆಬಿಡದೆ ಹರಟುತ್ತಾಳೆ. ಕ್ರಮೇಣ ಅವಳ ಮಾತೆಲ್ಲ ಅಸ್ಪಷ್ಟವಾಗಿ, ‘ಚಾಕು’ ಎಂಬ ಒಂದೇ ಪದ ಆಲಿಸ್‌ಳ ಕಿವಿಗೆ ಇರಿಯುತ್ತದೆ. ಅಪರಾಧಿ ಪ್ರಜ್ಞೆಗೆ ಬೇರೆ ವಿವರಣೆಯೇ ಬೇಕಿಲ್ಲ.

ಕೋಣೆಯಲ್ಲಿ ಬಿಟ್ಟುಬಂದ ಅವಳ ಕೈಗವಸುಗಳಲ್ಲಿ ಒಂದನ್ನು ಫ್ರಾಂಕ್ ಬಚ್ಚಿಡುತ್ತಾನೆ. ಇನ್ನೊಂದು ಟ್ರೇಸಿ ಎಂಬ ಪುಂಡನ ಕೈಸೇರಿ, ಬೆದರಿಕೆಯ ವ್ಯವಹಾರ ಶುರುವಾಗುತ್ತದೆ. ಆದರೆ ಪೊಲೀಸರ ಸಂಶಯ ಟ್ರೇಸಿಯ ಮೇಲೆಯೇ ತಿರುಗುತ್ತದೆ. ಬ್ರಿಟಿಷ್ ಮ್ಯೂಸಿಯಂ ಗುಮ್ಮಟದ ಮೇಲೇರಿ ಓಡುವ ಆತ ಬಿದ್ದು ಸಾಯುತ್ತಾನೆ. ಕೊಲೆ ಮಾಡದವನ ಸಾವಿನೊಂದಿಗೆ ಪ್ರಕರಣ ಮುಚ್ಚಿಹೋಗುತ್ತದೆ.

ಆಲಿಸ್ ತಪ್ಪೊಪ್ಪಿಕೊಳ್ಳಲು ಠಾಣೆಗೆ ಬರುತ್ತಾಳೆ. ಬಾಯಿ ತೆರೆಯುವಷ್ಟರಲ್ಲಿ ಅಧಿಕಾರಿಯ ದೂರವಾಣಿ ಮೊಳಗುತ್ತದೆ. ಆತ ಅವಳನ್ನು ಫ್ರಾಂಕ್‌ನಿಗೇ ಒಪ್ಪಿಸುತ್ತಾನೆ. ಆತ್ಮರಕ್ಷಣೆಗಾಗಿ ಕೊಂದ ಹೆಣ್ಣಿಗೆ ಶಿಕ್ಷೆಯೂ ಇಲ್ಲ, ನಡೆದದ್ದನ್ನು ಹೇಳಿಕೊಳ್ಳುವ ಅವಕಾಶವೂ ಇಲ್ಲ. ಕಾನೂನು ಕಾಯಬೇಕಾದವನೇ ಅವಳ ಮೌನದ ಪಾಲುದಾರ.

ಧ್ವನಿ ಸೌಲಭ್ಯವಿಲ್ಲದ ಚಿತ್ರಮಂದಿರಗಳಿಗಾಗಿ ಮೂಕಿ ಆವೃತ್ತಿಯೂ ಬಿಡುಗಡೆಯಾಗಿತ್ತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಪುನರುಜ್ಜೀವನಗೊಳಿಸಿದ ಆ ಆವೃತ್ತಿ 2012ರಲ್ಲಿ ಮತ್ತೆ ಪ್ರದರ್ಶನ ಕಂಡಿತು. ಎರಡನ್ನೂ ನೋಡಿದವರಿಗೆ ಮಾತು ಸಿನಿಮಾಕ್ಕೆ ತಂದುಕೊಟ್ಟದ್ದೇನು ಎಂಬುದು ಸುಲಭವಾಗಿ ಮನದಟ್ಟಾಗುತ್ತದೆ.