ನೀಹಾರಿಕೆ: ಹೆಸರೊಂದು, ವಸ್ತು ಮೂರು

ಸಂಸ್ಕೃತದಲ್ಲಿ ‘ನೀಹಾರ’ವೆಂದರೆ ಮಂಜು. ಲ್ಯಾಟಿನ್ ಭಾಷೆಯ ‘ನೆಬ್ಯುಲಾ’ ಶಬ್ದಕ್ಕೂ ಮಂಜು, ಮೋಡ ಎಂದೇ ಅರ್ಥ. ಆದುದರಿಂದ ಅದನ್ನು ನಮ್ಮ ಭಾಷೆಗೆ ‘ನೀಹಾರಿಕೆ’ ಎಂದು ತಂದವರು ಅನ್ವರ್ಥನಾಮವನ್ನೇ ಇಟ್ಟರೆನ್ನಬೇಕು. ಚುಕ್ಕಿಯಂತೆ ಮಿನುಗದೆ, ಮಂಜಿನ ತುಣುಕಿನಂತೆ ಮಸುಕಾಗಿ ಬೆಳಗುವ ಆಕಾಶಕಾಯಗಳಿಗೆಲ್ಲ ಪಾಶ್ಚಾತ್ಯ ಜ್ಯೋತಿರ್ವಿದರು ಬಹುಕಾಲ ಈ ಒಂದೇ ಹೆಸರನ್ನು ಬಳಸಿದರು. ಆದರೆ ಹೆಸರು ಒಂದಾದ ಮಾತ್ರಕ್ಕೆ ವಸ್ತುವೂ ಒಂದೇ ಆಗಬೇಕೆಂಬ ನಿಯಮವಿಲ್ಲ. ‘ಹರಿ’ ಎಂಬ ಒಂದು ಶಬ್ದಕ್ಕೆ ವಿಷ್ಣು, ಇಂದ್ರ, ಸಿಂಹ, ಕಪಿ, ಕುದುರೆ, ಕಪ್ಪೆ ಎಂದು ಹಲವು ಅರ್ಥಗಳಿರುವುದನ್ನು ಅಮರಕೋಶವನ್ನು ಓದಿದವರು ಬಲ್ಲರು. ಅಲ್ಲಿ ಪ್ರಕರಣವನ್ನು ನೋಡಿ ಕ್ಷಣಮಾತ್ರದಲ್ಲಿ ಅರ್ಥವನ್ನು ನಿರ್ಣಯಿಸುತ್ತೇವೆ. ಆಕಾಶದ ಈ ಒಂದು ಶಬ್ದದ ನಾನಾರ್ಥಗಳನ್ನು ನಿರ್ಣಯಿಸಲು ಮಾತ್ರ ಮನುಷ್ಯನಿಗೆ ಮುನ್ನೂರು ವರ್ಷಗಳು ಬೇಕಾದವು. ವಿಶ್ವವು ಎಷ್ಟು ದೊಡ್ಡದು, ಅದರಲ್ಲಿ ನಮ್ಮ ಸ್ಥಾನವೆಲ್ಲಿ ಎಂಬ ಪ್ರಶ್ನೆಗಳ ಉತ್ತರವೂ ಆ ನಿರ್ಣಯವನ್ನೇ ಅವಲಂಬಿಸಿತ್ತು.

ಫ್ರಾನ್ಸ್ ದೇಶದ ಚಾರ್ಲ್ಸ್ ಮೆಸಿಯೆ (೧೭೩೦–೧೮೧೭) ಧೂಮಕೇತುಗಳನ್ನು ಅರಸುವುದರಲ್ಲಿ ಆಯುಷ್ಯವನ್ನು ಕಳೆದವನು. ದೂರದಲ್ಲಿರುವ ಧೂಮಕೇತುವೂ ಮಸುಕು ಕಲೆಯಾಗಿಯೇ ಕಾಣುವುದು. ಆದರೆ ಅದು ದಿನದಿನಕ್ಕೆ ಸ್ಥಾನವನ್ನು ಬದಲಿಸುವುದು. ೧೭೫೮ರಲ್ಲಿ ವೃಷಭ ರಾಶಿಯಲ್ಲಿ ಅವನಿಗೆ ಅಂಥದೊಂದು ಕಲೆ ಕಂಡಿತು. ಎಷ್ಟು ದಿನ ಕಾದರೂ ಅದು ಕದಲಲಿಲ್ಲ. ಇಂಥ ಭ್ರಾಂತಿಜನಕ ಕಾಯಗಳಿಂದ ತನ್ನ ಕೆಲಸ ಕೆಡದಿರಲೆಂದು ಅವನು ಅವುಗಳದೊಂದು ಪಟ್ಟಿಯನ್ನು ಸಿದ್ಧಪಡಿಸಿದನು. ೧೭೭೪ರಲ್ಲಿ ಪ್ರಕಟವಾದ ಮೊದಲ ಪಟ್ಟಿಯಲ್ಲಿ ೪೫ ಕಾಯಗಳಿದ್ದವು. ೧೭೮೧ರಲ್ಲಿ ಅವು ೧೦೩ ಆದವು. ಅನಂತರದವರು ಕೂಡಿಸಿದವೂ ಸೇರಿ ಇಂದು ೧೧೦. ಅವನು ಕಂಡ ಧೂಮಕೇತುಗಳನ್ನು ಇಂದು ನೆನೆಯುವವರು ವಿರಳ. ತ್ಯಾಜ್ಯವೆಂದು ಬರೆದಿಟ್ಟ ಪಟ್ಟಿಯೇ ಅವನ ಹೆಸರನ್ನು ಉಳಿಸಿದೆ. ಇಂಗ್ಲೆಂಡಿನಲ್ಲಿ ನೆಲಸಿದ ವಿಲಿಯಂ ಹರ್ಷೆಲ್, ತಂಗಿ ಕ್ಯಾರೊಲೀನಳ ನೆರವಿನಿಂದ, ಇಂಥ ಸುಮಾರು ೨,೫೦೦ ಕಾಯಗಳನ್ನು ಪಟ್ಟಿ ಮಾಡಿದನು. ಇವೆಲ್ಲ ಒಂದೇ ಜಾತಿಯವಲ್ಲ, ಮೂರು ಬಗೆಯವು ಎಂಬುದು ಕ್ರಮಕ್ರಮವಾಗಿ ತಿಳಿದುಬಂದಿತು.

ತಾರಾಗುಚ್ಛಗಳು

ಮೊದಲನೆಯ ಬಗೆ ತಾರಾಗುಚ್ಛ. ನಮ್ಮೆಲ್ಲರಿಗೂ ಪರಿಚಿತವಾದ ಕೃತ್ತಿಕೆಯೇ ಇದಕ್ಕೆ ಉತ್ತಮ ನಿದರ್ಶನ. ಕುಮಾರಸ್ವಾಮಿಗೆ ಹಾಲೂಡಿದ ಆರು ಮಾತೆಯರೆಂದು ಪುರಾಣಗಳು ಹೇಳುವಂತೆ ಬರಿಗಣ್ಣಿಗೆ ಅಲ್ಲಿ ಸಾಮಾನ್ಯವಾಗಿ ಆರು ತಾರೆಗಳು ಕಾಣುತ್ತವೆ. ೧೬೧೦ರಲ್ಲಿ ಗೆಲಿಲಿಯೊ ತನ್ನ ದೂರದರ್ಶಕವನ್ನು ಅತ್ತ ತಿರುಗಿಸಿ ೩೬ ತಾರೆಗಳನ್ನು ಗುರುತಿಸಿದನು. ಅಲ್ಲಿರುವ ತಾರೆಗಳು ಸಾವಿರಕ್ಕೂ ಮಿಕ್ಕಿವೆ ಎಂದು ಇಂದು ತಿಳಿದಿದೆ. ಸುಮಾರು ೧೦ ಕೋಟಿ ವರ್ಷಗಳ ಹಿಂದೆ ಒಂದೇ ಅನಿಲರಾಶಿಯಿಂದ ಹುಟ್ಟಿದ ಒಡಹುಟ್ಟುಗಳಿವು. ಇವುಗಳ ದೂರ ಸುಮಾರು ೪೪೦ ಜ್ಯೋತಿರ್ವರ್ಷ. ಎಂದರೆ, ಸೆಕೆಂಡಿಗೆ ಮೂರು ಲಕ್ಷ ಕಿಲೋಮೀಟರು ವೇಗದಿಂದ ಸಾಗುವ ಬೆಳಕು ಅಲ್ಲಿಂದ ನಮ್ಮನ್ನು ತಲುಪಲು ೪೪೦ ವರ್ಷಗಳು ಬೇಕು.

ಕೃತ್ತಿಕೆಯಂತೆ ಚೆದರಿದ ಗುಚ್ಛಗಳಲ್ಲದೆ, ಲಕ್ಷಾಂತರ ತಾರೆಗಳು ಚೆಂಡಿನಂತೆ ಒತ್ತಾಗಿ ನೆರೆದಿರುವ ಗೋಳಗುಚ್ಛಗಳೂ ಉಂಟು. ಕಿನ್ನರಮಂಡಲದ ‘ಒಮೆಗಾ ಸೆಂಟಾರಿ’ ಅವುಗಳಲ್ಲಿ ಅತ್ಯಂತ ಉಜ್ಜ್ವಲವಾದುದು. ಪ್ರಾಚೀನರು ಅದನ್ನು ಒಂಟಿ ನಕ್ಷತ್ರವೆಂದೇ ಬಗೆದಿದ್ದರು. ೧೬೭೭ರಲ್ಲಿ ಎಡ್ಮಂಡ್ ಹ್ಯಾಲಿ ಸೇಂಟ್ ಹೆಲೆನಾ ದ್ವೀಪದಿಂದ ನೋಡಿ, ಅದು ನಕ್ಷತ್ರವಲ್ಲವೆಂದು ಕಂಡನು. ಸುಮಾರು ೧೭,೦೦೦ ಜ್ಯೋತಿರ್ವರ್ಷ ದೂರದ ಆ ಗೋಳದಲ್ಲಿ ಒಂದು ಕೋಟಿಯಷ್ಟು ತಾರೆಗಳಿವೆ. ಲಂಡನ್ ನಗರದಲ್ಲಿ ಅದು ಉದಯಿಸುವುದೇ ಇಲ್ಲ. ಕರ್ನಾಟಕದಲ್ಲಿಯಾದರೋ ಮೇ ತಿಂಗಳ ರಾತ್ರಿ ದಕ್ಷಿಣ ದಿಗಂತದ ಮೇಲೆ ಬರಿಗಣ್ಣಿಗೇ ಕಾಣುತ್ತದೆ.

ಈ ಗೋಳಗುಚ್ಛಗಳಿಂದಲೇ ಮಹತ್ತ್ವದ ಸಂಗತಿಯೊಂದು ಹೊರಬಿದ್ದಿತು. ಅವು ನಮ್ಮ ಸುತ್ತ ಸಮನಾಗಿ ಹರಡಿಲ್ಲ. ಧನುರಾಶಿಯ ಕಡೆಗೇ ಹೆಚ್ಚಾಗಿ ನೆರೆದಿವೆ. ಇದನ್ನು ಆಧರಿಸಿ ಅಮೆರಿಕದ ಹಾರ್ಲೊ ಶೇಪ್ಲಿ ೧೯೧೮ರಲ್ಲಿ, ಸೂರ್ಯನು ಆಕಾಶಗಂಗೆಯ ಕೇಂದ್ರದಲ್ಲಿಲ್ಲ, ಬಹುದೂರ ಅಂಚಿನತ್ತ ಇದ್ದಾನೆ ಎಂದು ಸಾಧಿಸಿದನು. ಆ ದೂರ ಸುಮಾರು ೨೬,೦೦೦ ಜ್ಯೋತಿರ್ವರ್ಷವೆಂದು ಇಂದಿನ ಗಣನೆ.

ನಿಜವಾದ ನೀಹಾರಿಕೆಗಳು

ದೂರದರ್ಶಕಗಳು ದೊಡ್ಡವಾದಂತೆ ಹಲವು ಮಸುಕು ಕಲೆಗಳು ಬಿಡಿಬಿಡಿ ತಾರೆಗಳಾಗಿ ಒಡೆದು ಕಂಡವು. ಹಾಗಾದರೆ ಉಳಿದವೂ ಹೀಗೆಯೇ ತಾರೆಗಳ ಗುಂಪುಗಳಿರಬೇಕೆಂದು ಅನೇಕರು ಊಹಿಸಿದರು. ಈ ಊಹೆಯನ್ನು ಮುರಿದವನು ಇಂಗ್ಲೆಂಡಿನ ವಿಲಿಯಂ ಹಗಿನ್ಸ್. ತಾರೆಗಳ ಗುಂಪಿನ ಬೆಳಕನ್ನು ಬಿಡಿಸಿದರೆ ಕಾಮನಬಿಲ್ಲಿನಂತೆ ಎಡೆಬಿಡದ ಬಣ್ಣದ ಪಟ್ಟಿ ದೊರೆಯಬೇಕು. ವಿರಳವಾದ ಅನಿಲದ ಬೆಳಕಾದರೆ ಕೆಲವೇ ಹೊಳೆಯುವ ಗೆರೆಗಳು ಕಾಣಬೇಕು. ೧೮೬೪ರಲ್ಲಿ ಅವನು ಉತ್ತರಾಕಾಶದ ಒಂದು ನೀಹಾರಿಕೆಯ ಬೆಳಕನ್ನು ಬಿಡಿಸಿ ನೋಡಿದಾಗ ಗೆರೆಗಳು ಮಾತ್ರ ಕಂಡವು. ಅದು ನಿಜವಾಗಿಯೂ ಅನಿಲದ ಮಂಜೇ ಆಗಿತ್ತು! ಅಲ್ಲಿನ ಹಸಿರು ಗೆರೆ ಯಾವ ಮೂಲವಸ್ತುವಿಗೂ ಹೊಂದದ ಕಾರಣ ‘ನೆಬ್ಯುಲಿಯಂ’ ಎಂಬ ಹೊಸ ವಸ್ತುವನ್ನೇ ಕಲ್ಪಿಸಿದರು. ಅದು ನಾವು ಉಸಿರಾಡುವ ಆಮ್ಲಜನಕವೇ, ಎರಡು ಎಲೆಕ್ಟ್ರಾನುಗಳನ್ನು ಕಳೆದುಕೊಂಡ ಸ್ಥಿತಿಯಲ್ಲಿದೆ ಎಂದು ಐರಾ ಬೋವೆನ್ ೧೯೨೭ರಲ್ಲಿ ತೋರಿಸಿದನು.

ನಕ್ಷತ್ರಗಳ ಜನನ, ವಾರ್ಧಕ್ಯ, ಮರಣ, ಈ ಮೂರೂ ಅವಸ್ಥೆಗಳಲ್ಲಿ ನೀಹಾರಿಕೆಗಳನ್ನು ಕಾಣುತ್ತೇವೆ. ೧೬೧೦ರಲ್ಲಿ ಪೇರೆಸ್ಕ್ ಎಂಬ ಫ್ರೆಂಚ್ ವಿದ್ವಾಂಸನು ಗುರುತಿಸಿದ ಮಹಾವ್ಯಾಧನ ನೀಹಾರಿಕೆ ಸೂತಿಕಾಗೃಹವಿದ್ದಂತೆ. ಸುಮಾರು ೧,೩೪೦ ಜ್ಯೋತಿರ್ವರ್ಷ ದೂರದ ಆ ಅನಿಲರಾಶಿಯಲ್ಲಿ ಇಂದಿಗೂ ಹೊಸ ತಾರೆಗಳು ಹುಟ್ಟುತ್ತಿವೆ. ಹಗಿನ್ಸನು ೧೮೬೪ರಲ್ಲಿ ನೋಡಿದುದು ಮುಪ್ಪಾದ ತಾರೆಯೊಂದು ಕಳಚಿದ ಹೊರಪದರಗಳನ್ನು; ನಮ್ಮ ಸೂರ್ಯನಿಗೂ ಸುಮಾರು ೫೦೦ ಕೋಟಿ ವರ್ಷಗಳ ತರುವಾಯ ಮುಪ್ಪು ಕಾದಿದೆ. ಮೆಸಿಯೆಯನ್ನು ೧೭೫೮ರಲ್ಲಿ ವಂಚಿಸಿದ ಏಡಿ ನೀಹಾರಿಕೆ ದೊಡ್ಡ ತಾರೆಯೊಂದು ಸಿಡಿದು ಸತ್ತ ಅವಶೇಷ. ಆ ಸಿಡಿತದ ಬೆಳಕು ೧೦೫೪ರ ಜುಲೈ ತಿಂಗಳಲ್ಲಿ ಭೂಮಿಯನ್ನು ಮುಟ್ಟಿತು. ನಮ್ಮ ನಾಡಿನಲ್ಲಿ ಆಗ ಕಲ್ಯಾಣ ಚಾಲುಕ್ಯರ ಒಂದನೆಯ ಸೋಮೇಶ್ವರನು ಆಳುತ್ತಿದ್ದನು. ಆ ‘ಅತಿಥಿ ನಕ್ಷತ್ರ’ ೨೩ ದಿನ ಹಗಲಿನಲ್ಲಿಯೂ ಕಂಡಿತೆಂದು ಚೀನೀಯರು ಬರೆದಿಟ್ಟಿದ್ದಾರೆ. ಸತ್ತ ತಾರೆಯ ತಿರುಳು ಇಂದಿಗೂ ಅಲ್ಲಿ ಸೆಕೆಂಡಿಗೆ ಸುಮಾರು ೩೦ ಬಾರಿ ತಿರುಗುತ್ತಿರುವುದು ೧೯೬೮ರಲ್ಲಿ ತಿಳಿಯಿತು.

ಗೆಲಾಕ್ಸಿಗಳು

ಇನ್ನು ಮೂರನೆಯ ಬಗೆ. ದೇವಯಾನಿ ಮಂಡಲದಲ್ಲಿನ ಮಸುಕು ಕಲೆಯನ್ನು ಪಾರಸಿಕ ಜ್ಯೋತಿರ್ವಿದ ಅಲ್ ಸೂಫಿ ಕ್ರಿ.ಶ. ೯೬೪ರ ತನ್ನ ಗ್ರಂಥದಲ್ಲಿ ‘ಚಿಕ್ಕ ಮೋಡ’ವೆಂದು ಹೇಳಿದ್ದಾನೆ. ೧೮೪೫ರಲ್ಲಿ ಐರ್ಲೆಂಡಿನ ಲಾರ್ಡ್ ರಾಸ್ ಮತ್ತೊಂದು ನೀಹಾರಿಕೆಯಲ್ಲಿ ಸುರುಳಿಯ ಆಕಾರವನ್ನು ಕಂಡನು. ದೇವಯಾನಿಯದೂ ಸುರುಳಿಯೇ ಎಂದು ಮುಂದೆ ಛಾಯಾಚಿತ್ರಗಳಿಂದ ತಿಳಿಯಿತು. ಈ ಸುರುಳಿಗಳು ಆಕಾಶಗಂಗೆಗೇ ಸೇರಿದವೋ, ಅದರಾಚೆಯ ಬೇರೆ ಜಗತ್ತುಗಳೋ? ೧೯೨೦ರ ಏಪ್ರಿಲಿನಲ್ಲಿ ವಾಷಿಂಗ್ಟನ್ ನಗರದಲ್ಲಿ ಶೇಪ್ಲಿಯು ಮೊದಲ ಪಕ್ಷವನ್ನೂ, ಹೀಬರ್ ಕರ್ಟಿಸ್ ಎರಡನೆಯದನ್ನೂ ಹಿಡಿದು ವಾದಿಸಿದರು. ಸೂರ್ಯನ ಸ್ಥಾನದ ವಿಷಯದಲ್ಲಿ ಸರಿಯಾಗಿದ್ದ ಶೇಪ್ಲಿ ಇಲ್ಲಿ ತಪ್ಪಿದ್ದನು. ಆದರೆ ಎಷ್ಟು ವಾದಿಸಿದರೂ ದೂರವನ್ನು ಅಳೆಯದೆ ತೀರ್ಪು ಸಾಧ್ಯವಿರಲಿಲ್ಲ.

ಅಳತೆಗೋಲನ್ನು ಒದಗಿಸಿದವಳು ಅಮೆರಿಕದ ಹೆನ್ರಿಯೆಟಾ ಲೆವಿಟ್. ಕಾಂತಿ ನಿಯತವಾಗಿ ಏರಿಳಿಯುವ ‘ಸೀಫಿಡ್’ ಎಂಬ ತಾರೆಗಳಲ್ಲಿ ಏರಿಳಿತದ ಅವಧಿ ದೀರ್ಘವಾದಷ್ಟೂ ನಿಜಕಾಂತಿ ಹೆಚ್ಚೆಂದು ಆಕೆ ೧೯೧೨ರಲ್ಲಿ ನಿರೂಪಿಸಿದಳು. ಅವಧಿಯಿಂದ ನಿಜಕಾಂತಿ ತಿಳಿದರೆ, ತೋರುವ ಕಾಂತಿಯೊಡನೆ ಹೋಲಿಸಿ ದೂರವನ್ನು ಗಣಿಸಬಹುದು. ಅಳೆಯುವ ಸಾಧನಕ್ಕೆ ಧನಸಹಾಯ ಮಾಡಿದವನು ಜಾನ್ ಹೂಕರ್ ಎಂಬ ವರ್ತಕ. ಮೌಂಟ್ ವಿಲ್ಸನ್ ಬೆಟ್ಟದ ೧೦೦ ಅಂಗುಲದ ದೂರದರ್ಶಕದ ಕನ್ನಡಿಗೆ ಅವನು ದ್ರವ್ಯವನ್ನಿತ್ತನು. ೧೯೧೭ರಲ್ಲಿ ಅದು ಆಕಾಶವನ್ನು ನೋಡುವ ವೇಳೆಗೆ ಅವನು ತೀರಿಕೊಂಡು ಆರು ವರ್ಷಗಳಾಗಿದ್ದವು. ೧೯೨೩ರ ಅಕ್ಟೋಬರಿನಲ್ಲಿ ಎಡ್ವಿನ್ ಹಬಲ್ ಅದೇ ದೂರದರ್ಶಕದಿಂದ ತೆಗೆದ ಚಿತ್ರದಲ್ಲಿ, ದೇವಯಾನಿಯ ಸುರುಳಿಯೊಳಗೆ, ೩೧ ದಿನಗಳ ಅವಧಿಯ ಒಂದು ಸೀಫಿಡ್ ಸಿಕ್ಕಿತು. ಲೆವಿಟ್ ೧೯೨೧ರಲ್ಲಿಯೇ ಕಾಲವಾಗಿದ್ದಳು. ಅಳತೆಗೋಲನ್ನು ಕೊಟ್ಟವಳಾಗಲಿ, ಕನ್ನಡಿಯನ್ನು ಕೊಟ್ಟವನಾಗಲಿ ಫಲವನ್ನು ಕಾಣಲಿಲ್ಲ.

ಹಬಲ್ ಗಣಿಸಿದ ದೂರ ಸುಮಾರು ಒಂಬತ್ತು ಲಕ್ಷ ಜ್ಯೋತಿರ್ವರ್ಷ. ಸೀಫಿಡ್‌ಗಳಲ್ಲಿ ಎರಡು ಜಾತಿಗಳುಂಟೆಂದು ವಾಲ್ಟರ್ ಬಾಡೆ ೧೯೫೨ರಲ್ಲಿ ಪ್ರಕಟಿಸಿದ ಮೇಲೆ ಆ ಅಂಕೆ ಇಮ್ಮಡಿಯಾಯಿತು. ಇಂದಿನ ಗಣನೆ ೨೫ ಲಕ್ಷ ಜ್ಯೋತಿರ್ವರ್ಷ. ಯಾವ ಅಂಕೆಯಿಂದ ನೋಡಿದರೂ ಅದು ಆಕಾಶಗಂಗೆಯ ಆಚೆಯದೇ. ೧೯೨೫ರ ಜನವರಿ ೧ರಂದು ಈ ಫಲಿತಾಂಶವನ್ನು ವಿದ್ವತ್ಸಭೆಯಲ್ಲಿ ಓದಿದಾಗ, ಅನೇಕರು ಇಡೀ ವಿಶ್ವವೆಂದೇ ಬಗೆದಿದ್ದ ಆಕಾಶಗಂಗೆ ಅಸಂಖ್ಯ ಗೆಲಾಕ್ಸಿಗಳಲ್ಲಿ ಒಂದಾಯಿತು. ಮೆಸಿಯೆಯು ೮೭ನೆಯದೆಂದು ಬರೆದಿಟ್ಟ ಕಲೆ ಸುಮಾರು ಐದೂವರೆ ಕೋಟಿ ಜ್ಯೋತಿರ್ವರ್ಷ ದೂರದ ಗೆಲಾಕ್ಸಿ. ಅದರ ನಡುವಿನ ಕಪ್ಪುಕುಳಿಯ ನೆರಳಿನ ಚಿತ್ರ ೨೦೧೯ರಲ್ಲಿ ಪ್ರಕಟವಾಯಿತು. ಕಪ್ಪುಕುಳಿಯೊಂದರ ಮೊದಲ ಚಿತ್ರವೇ ಅದು.

ಈ ಮೂರು ಬಗೆಗಳನ್ನೂ ಬರಿಗಣ್ಣಿನಿಂದ ಒಂದೇ ರಾತ್ರಿಯಲ್ಲಿ ನೋಡಬಹುದು. ಮಾರ್ಗಶಿರ ಬಹುಳದ ಕೊನೆಯ ದಿನಗಳಲ್ಲಿ, ಚಂದ್ರನಿಲ್ಲದ ಸಂಜೆ ಎಂಟು ಗಂಟೆಯ ಹೊತ್ತಿಗೆ ನೆತ್ತಿಯ ಸಮೀಪದಲ್ಲಿ ಕೃತ್ತಿಕೆ, ಪೂರ್ವದಲ್ಲಿ ಮಹಾವ್ಯಾಧನ ನಡುಪಟ್ಟಿಯ ಕೆಳಗೆ ನೀಹಾರಿಕೆ, ಉತ್ತರದತ್ತ ಎತ್ತರದಲ್ಲಿ ದೇವಯಾನಿಯ ಗೆಲಾಕ್ಸಿ ಇರುತ್ತವೆ. ಮೊದಲನೆಯದು ಪೇಟೆಯಲ್ಲಿಯೂ ಕಂಡೀತು. ಕೊನೆಯದು ವಿದ್ಯುದ್ದೀಪಗಳ ಹೊಳಪಿನಲ್ಲಿ ಕಾಣದು. ಊರಿನಿಂದ ತುಸು ದೂರ, ಹೊಲದ ಅಂಚಿಗೆ ಮಕ್ಕಳನ್ನು ಕರೆದೊಯ್ದು ತೋರಿಸುವ ಶ್ರಮವನ್ನು ಉಪಾಧ್ಯಾಯ ಮಿತ್ರರು ವರ್ಷಕ್ಕೊಮ್ಮೆಯಾದರೂ ವಹಿಸಬೇಕು. ಅಲ್ಲಿಂದ ಇಂದು ನಮ್ಮ ಕಣ್ಣನ್ನು ಮುಟ್ಟುವ ಬೆಳಕು ಹೊರಟಾಗ ಭೂಮಿಯ ಮೇಲೆ ಇಂದಿನ ಮನುಷ್ಯಜಾತಿಯೇ ಹುಟ್ಟಿರಲಿಲ್ಲ. ಆ ಮಾತನ್ನು ಕಪ್ಪುಹಲಗೆಯ ಮುಂದೆ ಕೇಳುವುದಕ್ಕೂ, ಆ ಬೆಳಕನ್ನೇ ನೋಡುತ್ತ ಕೇಳುವುದಕ್ಕೂ ಬಹಳ ಅಂತರವಿದೆ.