ಬಾಗಿಲ ಚೌಕಟ್ಟಿಗೆ ಗ್ರೈಂಡರ್ ಬೇಡ, ಮಲ್ಟಿ-ಟೂಲ್ ಹಿಡಿಯಿರಿ

ಹಳೇ ನೆಲದ ಮೇಲೇ ಹೊಸ ಟೈಲ್ಸ್ ಹಾಕಿಸುವಾಗ ಬಾಗಿಲ ಚೌಕಟ್ಟಿನ ಬುಡವನ್ನು ಟೈಲ್ ಮತ್ತು ಅದರ ಅಂಟಿನ ದಪ್ಪದಷ್ಟು ಕತ್ತರಿಸಬೇಕಾಗುತ್ತದೆ. ಗೋಡೆಯ ಮೂಲೆಯಲ್ಲಿ ಕೈಗರಗಸ ಆಡುವುದಿಲ್ಲ ಅಂತ ಹಲವರು ಆಂಗಲ್ ಗ್ರೈಂಡರ್‌ಗೆ ಮರ ಕೊಯ್ಯುವ ಹಲ್ಲಿನ ಬ್ಲೇಡ್ ಹಾಕಿಬಿಡುತ್ತಾರೆ. ದಯವಿಟ್ಟು ಬೇಡ. ನಿಮಿಷಕ್ಕೆ ಸುಮಾರು 11,000 ಸುತ್ತು ತಿರುಗುವ ಬ್ಲೇಡ್ ಮರದಲ್ಲಿ ಸಿಕ್ಕಿಕೊಂಡರೆ ಇಡೀ ಯಂತ್ರವೇ ಸಿಡಿದು ಮೈಮೇಲೆ ಬರುತ್ತದೆ. ಆಸಿಲೇಟಿಂಗ್ ಮಲ್ಟಿ-ಟೂಲ್‌ನ ಬ್ಲೇಡ್ ಸುತ್ತುವುದೇ ಇಲ್ಲ. ಮೂರ್ನಾಲ್ಕು ಡಿಗ್ರಿಯಷ್ಟು ಅತ್ತಿತ್ತ ಅದುರುತ್ತದೆ, ಅದೂ ನಿಮಿಷಕ್ಕೆ 10,000ದಿಂದ 20,000 ಸಲ. ಹಾಗಾಗಿ ಹಾಗೆ ಸಿಡಿಯುವುದು ತೀರಾ ಅಪರೂಪ. ಅಂಟಿನ ದಪ್ಪದ ರಟ್ಟಿನ ಮೇಲೆ ಟೈಲಿನ ತುಂಡೊಂದನ್ನು ನೆಲಕ್ಕಿಟ್ಟು, ಅದರ ಮೇಲೆ ಬ್ಲೇಡನ್ನು ಮಲಗಿಸಿ ಮುಂದೆ ತಳ್ಳಿದರೆ ಅಳತೆ ತಪ್ಪುವುದಿಲ್ಲ. ಆಸ್ಪತ್ರೆಯಲ್ಲಿ ಮುರಿದ ಕೈಯ ಪ್ಲಾಸ್ಟರ್ ಕತ್ತರಿಸುವ ಗರಗಸದ ತತ್ವವೂ ಇದೇ. ಹಾಗಂತ ಮಲ್ಟಿ-ಟೂಲ್‌ನ ಹಲ್ಲಿಗೆ ಬೆರಳು ಕೊಡಬೇಡಿ, ಖಂಡಿತ ಕುಯ್ಯುತ್ತದೆ.

ನಿಧಾನ ಅಲ್ಲವೇ ಎಂದರೆ, ಹೌದು, ಉದ್ದ ಹಲಗೆ ಸೀಳಲು ಇದು ತಕ್ಕದ್ದಲ್ಲ. ಆದರೆ ರಿಪೇರಿಯಲ್ಲಿ ಬೇಕಿರುವುದು ಪಕ್ಕದ ಗಾರೆ, ಪೇಂಟ್ ಹಾಳಾಗದಂತೆ ಬೇಕಾದಲ್ಲೇ ನಿಲ್ಲುವ ಕಡಿತ. ಬ್ಲೇಡ್ ದುಬಾರಿ ಎಂಬ ದೂರು ಇನ್ನೂ ಗಟ್ಟಿಯಾದದ್ದು. ಆದರೆ ಅದು ಬೇಗ ಹಾಳಾಗುವುದು ಹೆಚ್ಚಾಗಿ ನಮ್ಮ ಆತುರದಿಂದ: ಜೋರಾಗಿ ಒತ್ತಿದರೆ ಅದುರಲು ಎಡೆ ಸಿಗದೆ ಬಿಸಿಯೇರಿ ಹಲ್ಲು ಮೊಂಡಾಗುತ್ತದೆ. ಹಗುರಾಗಿ ಹಿಡಿದು ಪಕ್ಕಕ್ಕೆ ಆಡಿಸುತ್ತಿರಿ. ಹಳೇ ಮರದಲ್ಲಿ ಮೊಳೆ ಅಡಗಿರುವುದುಂಟು, ಅಲ್ಲಿ ಬೈಮೆಟಲ್ ಅಥವಾ ಕಾರ್ಬೈಡ್ ಬ್ಲೇಡೇ ಆಗಬೇಕು. ಕಣ್ಣಿಗೆ ಕನ್ನಡಕ, ಮೂಗಿಗೆ ಮಾಸ್ಕ್ ಇರಲಿ. ಗೋಡೆಗೆ ಬ್ಲೇಡ್ ಇಳಿಸುವ ಮೊದಲು ಆ ಭಾಗದ ಕರೆಂಟ್ ತೆಗೆಯಿರಿ.