ಕರಗುವ ಕಲ್ಲು, ಕರಗದ ಕಲ್ಲು: ಹಲಸೂರು ಕೆರೆಯ ನೀರಿನ ಕಥೆ

ವಿಯೆಟ್ನಾಂ ದೇಶದ ಉತ್ತರ ಭಾಗದಲ್ಲಿ, ಹನೋಯ್ ನಗರದ ದಕ್ಷಿಣಕ್ಕಿರುವ ನಿನ್ ಬಿನ್ ಸೀಮೆಯನ್ನು ನೋಡಲು ಹೋದವರ ದಿನ ಸಾಮಾನ್ಯವಾಗಿ ಎರಡು ಪಾಲಾಗಿರುತ್ತದೆ. ಒಂದು ಹೊತ್ತು ಭತ್ತದ ಗದ್ದೆಗಳ ನಡುವಿನ ಹೊಳೆಯಲ್ಲಿ ದೋಣಿಯಾನ, ಇನ್ನೊಂದು ಹೊತ್ತು ಹ್ವಾ ಲೂ ಎಂಬ ಹಳೆಯ ರಾಜಧಾನಿಯ ಸುತ್ತಾಟ. ಅಲ್ಲಿನ ಅಂಬಿಗರು ಹಿಂದಕ್ಕೆ ಒರಗಿ ಕುಳಿತು ಕಾಲುಗಳಿಂದಲೇ ಹುಟ್ಟು ಹಾಕುವುದುಂಟು. ದೋಣಿ ಸುಣ್ಣಕಲ್ಲಿನ ಗುಡ್ಡದ ಬುಡದ ಗವಿಯನ್ನು ಹೊಕ್ಕು, ಕತ್ತಲೆಯಲ್ಲಿ ಸಾಗಿ, ಗುಡ್ಡದ ಆಚೆ ಬದಿಯಲ್ಲಿ ಬೆಳಕಿಗೆ ಬರುತ್ತದೆ. ಬೆಂಗಳೂರಿನ ಪೂರ್ವಭಾಗದಲ್ಲೂ ನೀರು ಮತ್ತು ಹಳೆಯ ಊರು ಹೀಗೆಯೇ ಜೊತೆಯಾಗಿವೆ. ಇಂದಿರಾನಗರಕ್ಕೆ ಅನತಿ ದೂರದಲ್ಲಿ ಸುಮಾರು 50 ಹೆಕ್ಟೇರ್ ಹರಡಿಕೊಂಡ ಹಲಸೂರು ಕೆರೆ. ಅದರ ದಕ್ಷಿಣಕ್ಕೆ ಸೋಮೇಶ್ವರ ದೇವಾಲಯದ ಸುತ್ತ ಬೆಳೆದ ಹಳೆಯ ಹಲಸೂರು. ಕೆರೆಯಲ್ಲಿ ದೋಣಿವಿಹಾರವನ್ನೂ ಊರಿನಲ್ಲಿ ಬೀದಿ ಸುತ್ತುವುದನ್ನೂ ಒಂದೇ ಬೆಳಗಿನಲ್ಲಿ ಮುಗಿಸಬಹುದಾದಷ್ಟು ಇವೆರಡೂ ಹತ್ತಿರ. ಆದರೆ ಇಲ್ಲಿ ದೋಣಿಯ ಕೆಳಗಿರುವ ನೀರು ಅಲ್ಲಿಗೆ ಬಂದು ನಿಂತ ಬಗೆ ನಿನ್ ಬಿನ್‌ನ ನೀರಿಗಿಂತ ತೀರ ಬೇರೆ, ಆ ಭೇದದ ಮೂಲ ಕಲ್ಲಿನಲ್ಲಿದೆ.

ನಿನ್ ಬಿನ್‌ನ ಗುಡ್ಡಗಳು 20 ಕೋಟಿ ವರ್ಷಗಳಿಗೂ ಹಿಂದೆ ಸಮುದ್ರದ ತಳದಲ್ಲಿ ಸಂಚಯಗೊಂಡ ಸುಣ್ಣಕಲ್ಲು. ಮಳೆನೀರು ಗಾಳಿಯಿಂದಲೂ ಮಣ್ಣಿನಿಂದಲೂ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡು ಸೌಮ್ಯವಾದ ಕಾರ್ಬಾನಿಕ್ ಆಮ್ಲವಾಗುತ್ತದೆ. ಸುಣ್ಣಕಲ್ಲಿನ ಬಿರುಕಿಗೆ ಇಳಿದ ಈ ಆಮ್ಲ, ಕಲ್ಲಿನ ಕ್ಯಾಲ್ಸಿಯಂ ಕಾರ್ಬೊನೇಟನ್ನು ನೀರಿನಲ್ಲಿ ಕರಗಬಲ್ಲ ಬೈಕಾರ್ಬೊನೇಟ್ ಆಗಿ ಬದಲಿಸಿ ಹೊತ್ತೊಯ್ಯುತ್ತದೆ. ಬಿರುಕು ಓಣಿಯಾಗಿ, ಓಣಿ ಗವಿಯಾಗಿ, ಗವಿಯ ಚಾವಣಿ ಕುಸಿದು ಕಣಿವೆಯಾಗುತ್ತದೆ. ಅಲ್ಲಿನ ಚಾಂಗ್ ಆನ್ ಪ್ರದೇಶಕ್ಕೆ 2014ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಮನ್ನಣೆ ದೊರೆತದ್ದು ಪ್ರಕೃತಿ ಮತ್ತು ಸಂಸ್ಕೃತಿ ಎರಡರ ಹೆಸರಿನಲ್ಲೂ. 968ರಿಂದ 1010ರವರೆಗೆ ಹ್ವಾ ಲೂ ರಾಜಧಾನಿಯಾಗಿದ್ದಾಗ ಈ ಕಡಿದಾದ ಗುಡ್ಡಗಳೇ ಅದರ ಕೋಟೆಗೋಡೆಯಾಗಿದ್ದವು. ನೀರಿಗೆ ದಾರಿಯನ್ನು ಕೊರೆದದ್ದೂ ನೀರೇ. ಮನುಷ್ಯ ದೋಣಿಯನ್ನಷ್ಟೇ ತಂದ.

ಬೆಂಗಳೂರಿನ ಅಡಿಗಲ್ಲು ನೈಸ್ ಶಿಲೆ, ಅದರ ನಡುವೆ ಅಲ್ಲಲ್ಲಿ ಗ್ರಾನೈಟ್. ಲಾಲ್‌ಬಾಗಿನ ಬಂಡೆಯಲ್ಲಿ ಬರಿಗಣ್ಣಿಗೆ ಕಾಣುವ ಈ ಶಿಲೆಯ ವಯಸ್ಸು ಸುಮಾರು 300 ಕೋಟಿ ವರ್ಷ. ಸುಣ್ಣಕಲ್ಲಿನ ಗುಡ್ಡಗಳು ಇದರ ಮುಂದೆ ತೀರ ಎಳೆಯವು. ಕ್ವಾರ್ಟ್ಸ್, ಫೆಲ್ಡ್‌ಸ್ಪಾರ್, ಅಭ್ರಕಗಳ ಹರಳುಗಳು ಒಂದನ್ನೊಂದು ಕಚ್ಚಿ ಕುಳಿತಿರುವ ಈ ಕಲ್ಲಿನೊಳಗೆ ನೀರಿಗೆ ಎಡೆಯೇ ಇಲ್ಲ. ಮಳೆಯ ಆಮ್ಲ ಇಲ್ಲೂ ಕೆಲಸ ಮಾಡುತ್ತದೆ, ಆದರೆ ಗವಿ ಕೊರೆಯುವುದಿಲ್ಲ: ಫೆಲ್ಡ್‌ಸ್ಪಾರನ್ನು ಬಹು ನಿಧಾನವಾಗಿ ಜೇಡಿಮಣ್ಣಾಗಿಸಿ, ಕ್ವಾರ್ಟ್ಸನ್ನು ಮರಳಾಗಿ ಉಳಿಸುತ್ತದೆ. ಹೀಗೆ ಶಿಥಿಲಗೊಂಡ ಮಣ್ಣಿನ ಹೊದಿಕೆ ಮೇಲೆ, ಬಿರುಕುಗಳನ್ನು ಬಿಟ್ಟರೆ ನೀರು ಹೊಗದ ಬಂಡೆ ಕೆಳಗೆ.

ಇಂಥ ನೆಲದಲ್ಲಿ ಸಹಜ ಸರೋವರ ಹುಟ್ಟುವುದು ಕಷ್ಟ, ಬೆಂಗಳೂರಿನಲ್ಲಿ ಅಂಥದ್ದು ಒಂದೂ ಇಲ್ಲ. ನಗರ ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ಏಣಿನ ಮೇಲೆ ಕುಳಿತಿದೆ. ಏಣಿನ ಪಶ್ಚಿಮಕ್ಕೆ ಬಿದ್ದ ಮಳೆ ಅರ್ಕಾವತಿಯ ಮೂಲಕ ಕಾವೇರಿಗೆ, ಪೂರ್ವಕ್ಕೆ ಬಿದ್ದದ್ದು ದಕ್ಷಿಣ ಪಿನಾಕಿನಿಗೆ. ವರ್ಷಕ್ಕೆ ಸುಮಾರು 970 ಮಿಲಿಮೀಟರ್ ಮಳೆ ಬರುತ್ತದೆಯಾದರೂ ಅದರ ಬಹುಪಾಲು ಮೇ ತಿಂಗಳಿಂದ ಅಕ್ಟೋಬರ್‌ವರೆಗಿನ ಕೆಲವೇ ದಿನಗಳಲ್ಲಿ ಸುರಿದು ಮುಗಿಯುತ್ತದೆ. ತಡೆಯದಿದ್ದರೆ ಆ ನೀರು ಎರಡೂ ಇಳಿಜಾರುಗಳಲ್ಲಿ ಜಾರಿ ಹೋಗುತ್ತದೆ. ಉಳಿದ ತಿಂಗಳುಗಳಿಗೆ ಹಳ್ಳಗಳಲ್ಲಿ ಏನೂ ಇರುವುದಿಲ್ಲ.

ತಡೆಯುವ ವಿದ್ಯೆಯೇ ಕೆರೆ. ತಗ್ಗಿಗೆ ಅಡ್ಡಲಾಗಿ ಮಣ್ಣಿನ ಏರಿ ಹಾಕಿ, ನೀರಿನ ಬದಿಗೆ ಕಲ್ಲು ಹೊದಿಸಿದರೆ ಮುಗಿಯಿತು ಎಂದು ಮೇಲುನೋಟಕ್ಕೆ ಅನ್ನಿಸಬಹುದು. ಆದರೆ ಏರಿಯನ್ನು ಎಲ್ಲಿ ಹಾಕಬೇಕೆಂಬ ನಿರ್ಧಾರದಲ್ಲೇ ಅರ್ಧ ವಿದ್ಯೆ ಅಡಗಿದೆ: ಕಡಿಮೆ ಉದ್ದದ ಏರಿಗೆ ಹೆಚ್ಚು ನೀರು ನಿಲ್ಲಬೇಕು, ಎರಡು ಕೊನೆಗಳೂ ಗಟ್ಟಿ ನೆಲಕ್ಕೆ ತಾಗಬೇಕು. ಹೆಚ್ಚಾದ ನೀರು ಹೊರಹೋಗಲು ಕೋಡಿ ಬೇಕು. ಅದು ಏರಿಗಿಂತ ತಗ್ಗಿನಲ್ಲಿ, ಕೊರೆದುಹೋಗದ ಬಂಡೆಯ ಮೇಲಿದ್ದರೆ ಒಳ್ಳೆಯದು, ಏಕೆಂದರೆ ನೀರು ಒಮ್ಮೆ ಮಣ್ಣಿನ ಏರಿಯ ಮೇಲೆ ಹತ್ತಿ ಹರಿದರೆ ಏರಿ ಕೆಲವೇ ಗಂಟೆಗಳಲ್ಲಿ ಒಡೆಯುತ್ತದೆ. ಗದ್ದೆಗೆ ನೀರು ಬಿಡಲು ತೂಬು ಬೇಕು, ಆ ತೂಬನ್ನು ಎಷ್ಟು ಹೊತ್ತು ತೆರೆಯಬೇಕೆಂದು ಬಲ್ಲ ನೀರುಗಂಟಿ ಬೇಕು. ತಳದಿಂದ ನೀರು ಸೋರಿಹೋಗದಂತೆ ಕಾಯುವುದು ನೈಸ್ ಶಿಲೆಯ ಫೆಲ್ಡ್‌ಸ್ಪಾರ್ ಕೊಟ್ಟ ಅದೇ ಜೇಡಿ. ಮಳೆನೀರು ಹೊತ್ತು ತಂದ ನವುರಾದ ಹೂಳು ವರ್ಷವರ್ಷವೂ ಕೂತು, ಪಾತ್ರೆಯ ತಳಕ್ಕೆ ಹತ್ತಿದ ಗಸಿಯಂತೆ ಕೆರೆಯಂಗಳವನ್ನು ಮುಚ್ಚುತ್ತದೆ. ಅದು ಅತಿಯಾದರೆ ಕೆರೆಯೇ ತುಂಬಿಹೋಗುತ್ತದೆ, ಆದ್ದರಿಂದ ಬೇಸಿಗೆಯಲ್ಲಿ ಹೂಳೆತ್ತಿ ಹೊಲಕ್ಕೆ ಹೊಡೆಯುವ ರೂಢಿ. ಒಂದು ಕೆರೆಯ ಕೋಡಿ ಬಿದ್ದ ನೀರು ಕೆಳಗಿನ ಕೆರೆಗೆ, ಅದರ ಕೋಡಿ ಮತ್ತೊಂದಕ್ಕೆ. ಯಾವ ಯಂತ್ರವೂ ಇಲ್ಲದೆ, ಇಳಿಜಾರೊಂದನ್ನೇ ನಂಬಿ ಇಡೀ ಸೀಮೆಗೆ ನೀರು ಹಂಚುವ ಈ ಸರಪಳಿ ದಖ್ಖನ್ನಿನ ಜನ ಕಟ್ಟಿದ ಅತ್ಯಂತ ದೊಡ್ಡ ಕೃತಿ ಎಂದು ಹೇಳಲು ಹಿಂಜರಿಯಬೇಕಿಲ್ಲ. ಅರಮನೆಗಳನ್ನೂ ಗೋಪುರಗಳನ್ನೂ ಲೆಕ್ಕಕ್ಕೆ ಹಿಡಿದ ಮೇಲೂ ಈ ಮಾತು ನಿಲ್ಲುತ್ತದೆ.

ಹಲಸೂರು ಕೆರೆಯ ಹುಟ್ಟನ್ನು ಜನರ ನೆನಪು ಯಲಹಂಕ ನಾಡಪ್ರಭು ಕೆಂಪೇಗೌಡರ ವಂಶದೊಂದಿಗೆ ಜೋಡಿಸುತ್ತದೆ. ನಗರದ ನಾಲ್ಕು ಕೆಂಪೇಗೌಡ ಗೋಪುರಗಳಲ್ಲಿ ಒಂದು ಈ ಕೆರೆಯ ಬಳಿಯ ಬಂಡೆಯ ಮೇಲೆ, ಇಂದಿನ ಮದ್ರಾಸ್ ಸ್ಯಾಪರ್ಸ್ ಸೇನಾ ಆವರಣದಲ್ಲಿ ನಿಂತಿದೆ. 19ನೇ ಶತಮಾನದ ಆರಂಭದಲ್ಲಿ ಬ್ರಿಟಿಷರು ಶ್ರೀರಂಗಪಟ್ಟಣದಿಂದ ತಮ್ಮ ಸೇನಾನೆಲೆಯನ್ನು ಇಲ್ಲಿಗೆ ಬದಲಿಸಿದಾಗ ದಂಡಿಗೆ ಹತ್ತಿರದಲ್ಲೇ ಸಿಕ್ಕ ನೀರಿನಾಸರೆಗಳಲ್ಲಿ ಇದೂ ಒಂದು. ದಂಡುಪ್ರದೇಶ ಬೆಳೆದಂತೆ ಕೆರೆಯ ನೀರು ಸಾಲದಾಯಿತು. 1882ರಲ್ಲಿ ಸ್ಯಾಂಕಿ ಕೆರೆ ಬಂತು, 1890ರ ದಶಕದಲ್ಲಿ ಹೆಸರಘಟ್ಟದಿಂದ ಕೊಳವೆಯ ನೀರು ಬಂತು. ಕುಡಿಯಲು ಬೇಡವಾಗಿ, ಕೆಳಗಿನ ಗದ್ದೆಗಳೂ ಬಡಾವಣೆಗಳಾದ ಮೇಲೆ ಕೆರೆಗೆ ಉಳಿದದ್ದು ನೋಡುವವರ ಕಣ್ಣಿನ ಸೇವೆ. ದ್ವೀಪಗಳ ಸುತ್ತ ದೋಣಿ ಹಾಯುವ ಕೆರೆಯಾಗಿ ಅದು ಉಳಿದುಕೊಂಡದ್ದು ದೊಡ್ಡ ಭಾಗ್ಯವೇ. ಸಂಪಂಗಿ ಕೆರೆ ಕಂಠೀರವ ಕ್ರೀಡಾಂಗಣವಾಯಿತು, ಧರ್ಮಾಂಬುಧಿ ಕೆಂಪೇಗೌಡ ಬಸ್ ನಿಲ್ದಾಣವಾಯಿತು, ಚಲ್ಲಘಟ್ಟದ ಕೆರೆ ಗಾಲ್ಫ್ ಮೈದಾನವಾಯಿತು.

ದೋಣಿಯಿಂದ ಬಾಗಿ ನೋಡಿದಾಗ ಮೊದಲು ಕಾಣುವುದು ನೀರಿನ ಹಸಿರು. ಅದು ಬರಿಗಣ್ಣಿಗೆ ಬಿಡಿಯಾಗಿ ಕಾಣದ ಸೂಕ್ಷ್ಮ ಪಾಚಿಗಳ ಬಣ್ಣ. ಕೆರೆಯ ಒಳಬದುಕೆಲ್ಲ ಈ ಹಸಿರಿನ ದಿನಚರಿಯ ಮೇಲೆ ನಿಂತಿದೆ. ಬೆಂಗಳೂರಿನ ಎತ್ತರದಲ್ಲಿ, 25 ಡಿಗ್ರಿ ಉಷ್ಣತೆಯಲ್ಲಿ, ಒಂದು ಲೀಟರ್ ನೀರು ಗಾಳಿಯಿಂದ ಹೀರಿ ಹಿಡಿದಿಡಬಲ್ಲ ಆಮ್ಲಜನಕ ಸುಮಾರು ಏಳೂವರೆ ಮಿಲಿಗ್ರಾಂ. ಅಷ್ಟೇ ಗಾಳಿಯಲ್ಲಿ ಅದರ 30 ಪಟ್ಟಿಗೂ ಮೀರಿ ಇರುತ್ತದೆ. ಮೀನು ಬದುಕುವುದು ಈ ಬಡತನದಲ್ಲಿ. ಹಗಲು ಪಾಚಿ ದ್ಯುತಿಸಂಶ್ಲೇಷಣೆಯಿಂದ ಆಮ್ಲಜನಕವನ್ನು ಬಿಡುತ್ತದೆ, ನಡುಹಗಲು ಕಳೆಯುವ ಹೊತ್ತಿಗೆ ನೀರಿನಲ್ಲಿ ಅದು ಗಾಳಿಯೊಂದೇ ಕೊಡಬಲ್ಲ ಮಟ್ಟವನ್ನೂ ಮೀರುವುದುಂಟು. ಕತ್ತಲಾದ ಮೇಲೆ ಅದೇ ಪಾಚಿ ಮೀನಿನಂತೆಯೇ ಉಸಿರಾಡತೊಡಗುತ್ತದೆ. ರಾತ್ರಿಯಿಡೀ ಖರ್ಚು ಮಾತ್ರ, ಜಮೆಯಿಲ್ಲ. ಆದ್ದರಿಂದ ಕೆರೆಗೆ ಅತ್ಯಂತ ಕಷ್ಟದ ಗಳಿಗೆ ಸೂರ್ಯೋದಯಕ್ಕೆ ಸ್ವಲ್ಪ ಮುಂಚಿನದು. ಆಗ ಮೀನುಗಳು ಮೇಲಕ್ಕೆ ಬಂದು, ಗಾಳಿಗೆ ತಾಗಿದ ತೆಳುಪದರದಲ್ಲಿ ಬಾಯಿ ಆಡಿಸುತ್ತವೆ.

ನೀರಿಗೆ ಚರಂಡಿ ಸೇರಿದಾಗ ಈ ಲೆಕ್ಕ ಎರಡು ಕಡೆಯಿಂದ ಕೆಡುತ್ತದೆ. ಕೊಳಚೆಯ ಜೈವಿಕ ಕಸವನ್ನು ತಿನ್ನುವ ಬ್ಯಾಕ್ಟೀರಿಯಗಳು ಆಮ್ಲಜನಕವನ್ನು ನೇರವಾಗಿ ಹೀರುತ್ತವೆ. ಕೊಳಚೆಯಲ್ಲಿರುವ ಸಾರಜನಕ ಮತ್ತು ರಂಜಕ ಪಾಚಿಗೆ ಗೊಬ್ಬರವಾಗಿ ಅದನ್ನು ಮಿತಿಮೀರಿ ಬೆಳೆಸುತ್ತವೆ. ಇದಕ್ಕೆ ಅತಿಪೋಷಣೆ ಎಂದು ಹೆಸರು. ಮೀನಿನ ಸಂತಾನ ಬೆಳೆಯಲು ಲೀಟರಿಗೆ ಕನಿಷ್ಠ 4 ಮಿಲಿಗ್ರಾಂ ಆಮ್ಲಜನಕ ಇರಬೇಕೆಂಬುದು ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯ ಮಾನದಂಡ. ಬೇಸಿಗೆಯ ನೀರು ಬಿಸಿಯೇರಿದಷ್ಟೂ ಕಡಿಮೆ ಆಮ್ಲಜನಕವನ್ನು ಹಿಡಿಯುತ್ತದೆ, ಅದೇ ಬಿಸಿಗೆ ಮೀನಿನ ಉಸಿರಾಟ ಹೆಚ್ಚುತ್ತದೆ. 2016ರ ಮಾರ್ಚ್ ತಿಂಗಳಲ್ಲಿ ಹಲಸೂರು ಕೆರೆಯ ಮೀನುಗಳು ರಾಶಿರಾಶಿಯಾಗಿ ಸತ್ತು ದಡಕ್ಕೆ ಬಂದವು. ವಿಷ ಸುರಿದವರನ್ನು ಹುಡುಕಬೇಕಾದ ಘಟನೆಯಂತೆ ಅದು ಕಂಡರೂ, ಕೊಳಚೆ ಸೇರುವ ಕೆರೆಯಲ್ಲಿ ಇಂಥ ಸಾವಿಗೆ ವಿಷವೇ ಬೇಕಿಲ್ಲ. ಉಸಿರು ಸಾಲದಿದ್ದರೆ ಸಾಕು. ಹೆಜ್ಜಾರ್ಲೆ, ನೀರುಕಾಗೆ, ಬೆಳ್ಳಕ್ಕಿಗಳು ಈಗಲೂ ಅಲ್ಲಿ ಮೀನು ಹಿಡಿಯುತ್ತವೆ ಎಂಬುದು ಸಮಾಧಾನ ಹೌದು, ಆದರೆ ಹಕ್ಕಿಯ ಹಾಜರಿ ನೀರಿನ ಆರೋಗ್ಯಕ್ಕೆ ಪೂರ್ತಿ ಪುರಾವೆಯಲ್ಲ. ಕಡಿಮೆ ಆಮ್ಲಜನಕಕ್ಕೆ ಒಗ್ಗಿದ ಗಟ್ಟಿ ಜಾತಿಯ ಮೀನುಗಳಷ್ಟೇ ಉಳಿದ ಕೆರೆಗೂ ಹಕ್ಕಿ ಬರುತ್ತದೆ.

ಕೆರೆಯಿಂದ ಹಳೆಯ ಊರಿಗೆ ನಡೆದರೆ ಸೋಮೇಶ್ವರ ದೇವಾಲಯದ ಎತ್ತರದ ಗೋಪುರ ಎದುರಾಗುತ್ತದೆ. ಮೂಲ ಗುಡಿ ಇನ್ನೂ ಹಳೆಯದೆಂಬ ನಂಬಿಕೆಯಿದೆ. ಈಗ ಕಾಣುವ ಕಂಬಗಳ ಮಂಟಪ, ಗೋಪುರಗಳ ಶೈಲಿ ವಿಜಯನಗರದ್ದು. ಗೋಡೆಯಲ್ಲಿರುವುದೂ ಈ ಸೀಮೆಯ ಗಟ್ಟಿ ಕಲ್ಲೇ. ನೀರಿಗೆ ಜಾಗ ಕೊಡದ ಗುಣದಿಂದಾಗಿಯೇ ಅದರ ಕೆತ್ತನೆ ಶತಮಾನಗಳ ಮಳೆಗೆ ಮಾಸಿಲ್ಲ. ದೇವಾಲಯದ ಬಳಿ ಮಣ್ಣು ಮುಚ್ಚಿಹೋಗಿದ್ದ ಕಲ್ಯಾಣಿಯೊಂದನ್ನು ಈ ಶತಮಾನದಲ್ಲಿ ಅಗೆದು ತೆಗೆದರು. ಕಲ್ಯಾಣಿ ಎಂದರೆ ನೆಲದಡಿಯ ನೀರಿಗೆ ತೆರೆದ ಕಿಟಕಿ. ಕೆರೆ ತುಂಬಿದ್ದಾಗ ಶಿಥಿಲ ಮಣ್ಣಿನ ಪದರದಲ್ಲಿ ನೀರು ನಿಧಾನವಾಗಿ ಇಂಗಿ ಸುತ್ತಲಿನ ಬಾವಿ, ಕಲ್ಯಾಣಿಗಳ ಮಟ್ಟವನ್ನು ಏರಿಸುತ್ತದೆ. ಮೆಟ್ಟಿಲುಗಳಲ್ಲಿ ಎಷ್ಟು ಮುಳುಗಿವೆ ಎಂದು ಎಣಿಸಿದರೆ ಊರಿನ ಅಂತರ್ಜಲದ ಲೆಕ್ಕ ಸಿಗುತ್ತಿತ್ತು. ಕೊಳವೆಬಾವಿಗಳು ಬಂಡೆಯ ಬಿರುಕುಗಳವರೆಗೆ ಇಳಿದ ಮೇಲೆ ಈ ಮೇಲ್ಪದರ ಬತ್ತಿ, ಕಲ್ಯಾಣಿಗಳ ಓದು ತಪ್ಪಿತು.

ಇಂದಿರಾನಗರಕ್ಕೂ ಇಂಥದೇ ಒಂದು ಹಿಂದಿನ ಜನ್ಮವಿದೆ. ದೊಮ್ಮಲೂರಿನ ಚೊಕ್ಕನಾಥಸ್ವಾಮಿ ದೇವಾಲಯದ 13ನೇ ಶತಮಾನದ ತಮಿಳು ಶಾಸನದಲ್ಲಿ ವಿಣ್ಣಮಂಗಲದ ಕೆರೆ ದತ್ತಿಯ ಸಂದರ್ಭದಲ್ಲಿ ಬರುತ್ತದೆ. ಆ ವಿಣ್ಣಮಂಗಲ ಇಂದಿನ ಬಿನ್ನಮಂಗಲ, ಇಂದಿರಾನಗರದೊಳಗೆ ಸೇರಿಹೋದ ಹಳ್ಳಿ. ಬೆಂಗಳೂರು ಎಂಬ ಪೇಟೆ 1537ರಲ್ಲಿ ಹುಟ್ಟುವುದಕ್ಕೆ ಎರಡೂವರೆ ಶತಮಾನ ಮೊದಲೇ ಇಲ್ಲಿ ಕೆರೆಯಿತ್ತು, ಅದರ ಅಚ್ಚುಕಟ್ಟಿಗೆ ಬೆಲೆಯಿತ್ತು, ಆ ಬೆಲೆಯನ್ನು ಕಲ್ಲಿನ ಮೇಲೆ ಬರೆಸುವ ಜನರಿದ್ದರು.

ಹಲಸೂರು ಕೆರೆಯ ಹೆಚ್ಚುವರಿ ನೀರು ಈ ಬಡಾವಣೆಗಳ ಬದಿಯ ರಾಜಕಾಲುವೆಯಲ್ಲಿ ದೊಮ್ಮಲೂರಿನ ಕಡೆಗೆ ಇಳಿದು, ಬೆಳ್ಳಂದೂರು, ವರ್ತೂರು ಕೆರೆಗಳ ಮೂಲಕ ದಕ್ಷಿಣ ಪಿನಾಕಿನಿಯನ್ನು ಸೇರಿ ಬಂಗಾಳ ಕೊಲ್ಲಿಗೆ ಹೋಗಬೇಕಾದದ್ದು. ಆ ಹಾದಿಯಲ್ಲಿ ಈಗ ವರ್ಷವಿಡೀ ಹರಿಯುವುದು ನಗರದ ಬಳಕೆಯ ನೀರು. 2018ರಿಂದ ಈ ಕೋರಮಂಗಲ–ಚಲ್ಲಘಟ್ಟ ಕಣಿವೆಯ ಕೊಳಚೆನೀರನ್ನು ಸಂಸ್ಕರಿಸಿ, ಪಂಪುಗಳಿಂದ ಮೇಲೆತ್ತಿ ಕೋಲಾರದ ಕೆರೆಗಳಿಗೆ ಕಳಿಸಲಾಗುತ್ತಿದೆ. ದಿನಕ್ಕೆ 44 ಕೋಟಿ ಲೀಟರ್ ನೀರನ್ನು 126 ಕೆರೆಗಳಿಗೆ ತುಂಬುವುದು ಯೋಜನೆಯ ಗುರಿ. ಮೊದಲು ತುಂಬಿದ್ದು ಲಕ್ಷ್ಮೀಸಾಗರ ಕೆರೆ. ಅಲ್ಲಿಂದ ಮುಂದೆ ಹಳೆಯ ಕೋಡಿಗಳ ಮೇಲೆಯೂ ನೀರು ಕೆರೆಯಿಂದ ಕೆರೆಗೆ ಇಳಿಯುತ್ತದೆ. ಆದರೆ ಈ ನೀರಿಗೆ ಆಗುವ ಎರಡನೇ ಹಂತದ ಸಂಸ್ಕರಣೆ ಜೈವಿಕ ಕಸವನ್ನು ತೆಗೆದಷ್ಟು ಪೂರ್ಣವಾಗಿ ಸಾರಜನಕ, ರಂಜಕಗಳನ್ನು ತೆಗೆಯುವುದಿಲ್ಲ. ಹಲಸೂರಿನ ದೋಣಿಯಿಂದ ಕಾಣುವ ಹಸಿರಿನ ಗೊಬ್ಬರ ಕೋಲಾರಕ್ಕೂ ಹೋಗುತ್ತಿದೆ. ಮೂರನೇ ಹಂತದ ಸಂಸ್ಕರಣೆ ಬೇಕೆಂದು ಅಲ್ಲಿನ ರೈತರು ಕೇಳುತ್ತಿರುವುದು ಈ ಎರಡು ಧಾತುಗಳ ಲೆಕ್ಕ ನೋಡಿದರೆ ತೀರ ನ್ಯಾಯವಾದ ಬೇಡಿಕೆ.